ಪಾಠ: ಯಾವ ದುಡ್ಡು ಯಾವ ಖಾತೆಗೆ?



ಸಿದ್ಧಗಂಗೆ ಜಾತ್ರೆ ಬಂದರೆ ಕ್ಯಾತ್ಸಂದ್ರದಲ್ಲಿ ನಾಲ್ಕು ಕಾಸು ಕೈಗೆ ಬರುತ್ತದೆ. ಸಾಸಿವೆ ಡಬ್ಬಿಯಲ್ಲಿಟ್ಟರೆ ಅದು ಬೆಳೆಯುವುದಿಲ್ಲ.

1. ಉಳಿತಾಯ ಖಾತೆ: ಬೇಕೆಂದಾಗ ತೆಗೆಯಬಹುದು, ಬಡ್ಡಿ ಕಡಿಮೆ. ಆಸ್ಪತ್ರೆ ಖರ್ಚಿಗೆ ಇದಿರಲಿ.

2. ಆರ್.ಡಿ.: ತಿಂಗಳಿಗೆ 500 ರೂ. ಕಟ್ಟಿದರೆ ವರ್ಷಕ್ಕೆ 6,000 ರೂ. ಅಸಲು, ಜೊತೆಗೆ ಬಡ್ಡಿ. ಮಕ್ಕಳ ಫೀಸಿಗೆ ಅನುಕೂಲ.

3. ಎಫ್.ಡಿ.: ಒಂದೇ ಸಲ ಇಡುವ ನಿಶ್ಚಿತ ಠೇವಣಿ. ಅವಧಿಗೆ ಮುಂಚೆ ಒಡೆದರೆ ಬಡ್ಡಿ ಇಳಿಯುತ್ತದೆ.

ನೆನಪಿಡಿ: ಬ್ಯಾಂಕ್ ಮುಳುಗಿದರೂ ಒಬ್ಬರಿಗೆ ಒಂದು ಬ್ಯಾಂಕಿನಲ್ಲಿ ಬಡ್ಡಿ ಸೇರಿ 5 ಲಕ್ಷ ರೂ. ತನಕ ವಿಮೆ ಉಂಟು. 2020ಕ್ಕೆ ಮೊದಲು ಇದು 1 ಲಕ್ಷವಿತ್ತು. ಚೀಟಿಗೆ, ಖಾಸಗಿ ಫೈನಾನ್ಸಿಗೆ ಈ ವಿಮೆ ಇಲ್ಲ. ಹೆಚ್ಚು ಬಡ್ಡಿ ಅಂದರೆ ಮರುಳಾಗಬೇಡಿ.

ಸಭೆಯಲ್ಲಿ ಚರ್ಚಿಸಿ: ನಿಮ್ಮ ಖಾತೆಗೆ ನಾಮಿನಿ ಬರೆಸಿದ್ದೀರಾ?