ಒಂದು ಹೊಲ, ಹಲವು ಲೋಕಗಳು

ಒಂದೇ ನೆಲದಲ್ಲಿ ಕಣ್ಣಿಗೆ ಕಾಣದ ಹಲವು ಲೋಕಗಳಿವೆಯೆಂದೂ, ಒಂದರಿಂದ ಇನ್ನೊಂದಕ್ಕೆ ದಾಟಿ ಅಲ್ಲಿನ ಜೀವಿಗಳನ್ನು ಅಭ್ಯಸಿಸುವ ವಿಜ್ಞಾನಿಗಳು ಇರುವರೆಂದೂ ಕಥೆಗಾರರು ಕಲ್ಪಿಸುವುದುಂಟು. ಆ ವಿಜ್ಞಾನಿಗಳು ಕಲ್ಪಿತರಾದರೂ ಅವರ ಕೆಲಸ ಪೂರ್ತಿಯಾಗಿ ಕಲ್ಪಿತವಲ್ಲ. ಪರಿಸರ ವಿಜ್ಞಾನಿಯು ಮಾಡುವುದು ಬಹುಮಟ್ಟಿಗೆ ಅದನ್ನೇ. ಬೇರೆ ಲೋಕವನ್ನು ಕಾಣಲು ಅವನು ತನ್ನ ಅಳತೆಗೋಲನ್ನು ಬದಲಾಯಿಸಿದರೆ ಸಾಕು.

1935ರಲ್ಲಿ ಇಂಗ್ಲೆಂಡಿನ ಸಸ್ಯವಿಜ್ಞಾನಿ ಆರ್ಥರ್ ಟಾನ್ಸ್‌ಲಿ ತನ್ನ ಲೇಖನವೊಂದರಲ್ಲಿ 'ಇಕೋಸಿಸ್ಟಂ' ಎಂಬ ಪದವನ್ನು ಬಳಸಿದನು. ಜೀವಿಗಳನ್ನೂ ಅವುಗಳ ಸುತ್ತಲಿನ ಮಣ್ಣು, ನೀರು, ಗಾಳಿ, ಬಿಸಿಲುಗಳನ್ನೂ ಒಂದೇ ವ್ಯವಸ್ಥೆಯೆಂದು ಕಾಣಬೇಕೆಂಬುದು ಅವನ ಮತ. ಈ ದೃಷ್ಟಿಯಲ್ಲಿ ಒಂದು ಹೊಂಡವೂ ವ್ಯವಸ್ಥೆಯೇ; ಇಡೀ ಭೂಮಂಡಲವೂ ವ್ಯವಸ್ಥೆಯೇ. ಎಲ್ಲೆ ಎಲ್ಲಿದೆಯೆಂಬುದನ್ನು ಅಳೆಯುವವನೇ ಗೊತ್ತುಮಾಡಿಕೊಳ್ಳಬೇಕು. ಎಲ್ಲೆಯನ್ನು ಕಿರಿದಾಗಿ ಹಾಕಿಕೊಂಡರೆ ಏನಾಗುವುದೆಂಬುದಕ್ಕೆ ಮಲಪ್ರಭೆಯ ಕಣಿವೆಯೇ ನಿದರ್ಶನ.

ಗದಗ ಜಿಲ್ಲೆಯ ರೋಣ ತಾಲ್ಲೂಕಿನ ಯಾವಗಲ್ ಈ ಕಣಿವೆಯ ಒಂದು ಊರು. ಸುತ್ತಲೂ ಎರೆಭೂಮಿ, ಹಿಂಗಾರಿನಲ್ಲಿ ಜೋಳ, ಕಡಲೆ ಬೆಳೆಯುವ ಸೀಮೆ. ಬೇಸಗೆಯಲ್ಲಿ ಇಂತಹ ಹೊಲದಲ್ಲಿ ನಿಂತವನಿಗೆ ಬರಿಯ ಬಿರುಕುಗಳು ಕಾಣುತ್ತವೆ. ಕೆಲವು ಬಿರುಕುಗಳು ಒಂದು ಮೀಟರಿಗೂ ಹೆಚ್ಚು ಆಳಕ್ಕೆ ಇಳಿದಿರುತ್ತವೆ. ಮೇಲ್ಮಣ್ಣು ಅವುಗಳೊಳಕ್ಕೆ ಉದುರುತ್ತದೆ. ಮಳೆ ಬಿದ್ದೊಡನೆ ಜೇಡಿ ಉಬ್ಬಿ ಬಿರುಕು ಮುಚ್ಚಿಕೊಳ್ಳುತ್ತದೆ. ಹೀಗೆ ಈ ನೆಲವು ವರ್ಷವರ್ಷವೂ ತನ್ನನ್ನು ತಾನೇ ಮಗುಚಿಕೊಳ್ಳುತ್ತಿರುತ್ತದೆ. ಬಿಸಿಲಿಗೆ ಹೆದರಿದ ಕಪ್ಪೆ, ಚೇಳುಗಳಿಗೆ ಬಿರುಕೇ ಮನೆ. ಕಡಲೆ ಗಿಡವನ್ನು ಕಿತ್ತು ನೋಡಿದರೆ ಇನ್ನೂ ಚಿಕ್ಕ ಲೋಕವೊಂದು ಬೇರಿನ ಗಂಟುಗಳಲ್ಲಿದೆ. ಅಲ್ಲಿನ ಬ್ಯಾಕ್ಟೀರಿಯಗಳು ಗಾಳಿಯ ಸಾರಜನಕವನ್ನು ಗಿಡಕ್ಕೆ ಆಹಾರವಾಗಿಸುತ್ತವೆ.

ಅಳತೆಗೋಲನ್ನು ಹಿರಿದು ಮಾಡಿದರೆ ಹೊಲದ ಬದು ಮರೆಯಾಗಿ ಹಳ್ಳ ಕಾಣುತ್ತದೆ. ಯಾವಗಲ್ಲಿನ ಬಳಿ ಹರಿಯುವ ಬೆಣ್ಣೆಹಳ್ಳ ಹುಟ್ಟುವುದು ದಕ್ಷಿಣದಲ್ಲಿ, ಶಿಗ್ಗಾಂವಿ ತಾಲ್ಲೂಕಿನ ದುಂಡಶಿಯ ಕಡೆ. ಸುಮಾರು 5,000 ಚದರ ಕಿಲೋಮೀಟರು ಪ್ರದೇಶದ ಮಳೆನೀರನ್ನು ಕೂಡಿಸಿಕೊಂಡು ಅದು ಮಲಪ್ರಭೆಯನ್ನು ಸೇರುತ್ತದೆ. ಊರಿನಲ್ಲಿ ಹನಿ ಬೀಳದ ದಿನವೂ ಮೇಲಿನ ಸೀಮೆಯ ಮಳೆಯಿಂದ ಹಳ್ಳ ಉಕ್ಕಬಹುದು. ಇನ್ನೂ ಹಿರಿದು ಮಾಡಿದರೆ ಖಂಡಗಳೇ ಎದುರಾಗುತ್ತವೆ. ಇದೇ ಜಿಲ್ಲೆಯ ಮಾಗಡಿ ಕೆರೆಗೆ ಚಳಿಗಾಲದಲ್ಲಿ ಬರುವ ಪಟ್ಟೆತಲೆ ಹೆಬ್ಬಾತುಗಳು ಮರಿಮಾಡುವುದು ಟಿಬೆಟ್, ಮಂಗೋಲಿಯಗಳಂತಹ ದೂರದ ನಾಡುಗಳಲ್ಲಿ. ಕೆರೆಯ ಸುತ್ತಣ ಹೊಲಗಳಲ್ಲಿ ಮೇಯುವ ಈ ಹಕ್ಕಿಗೆ ಹಿಮಾಲಯದ ಆಚೆಯೂ ಈಚೆಯೂ ಒಂದೇ ಮನೆ. 2024ರಲ್ಲಿ ಈ ಕೆರೆಗೆ ರಾಮ್ಸಾರ್ ತಾಣವೆಂಬ ಅಂತರರಾಷ್ಟ್ರೀಯ ಮನ್ನಣೆ ದೊರೆಯಿತು.

ಆದರೆ ರೈತನ ಬಾಳಿಗೆ ಹೆಚ್ಚು ಹತ್ತಿರವಾದುದು ಮಣ್ಣಿನ ಆಳ ಮತ್ತು ಕಾಲ ಎಂಬ ಎರಡು ಆಯಾಮಗಳು. ಸವದತ್ತಿಯ ಬಳಿ ನವಿಲುತೀರ್ಥದಲ್ಲಿ ಮಲಪ್ರಭೆಗೆ ಅಣೆಕಟ್ಟು ಕಟ್ಟಲಾಯಿತು. 1970ರ ದಶಕದಲ್ಲಿ ನರಗುಂದ, ನವಲಗುಂದ ಸೀಮೆಯ ಎರೆಹೊಲಗಳಿಗೆ ಕಾಲುವೆಯ ನೀರು ಹರಿಯಿತು. ವರಲಕ್ಷ್ಮಿ ಎಂಬ ಸಂಕರ ಹತ್ತಿ ಮೊದಲ ವರ್ಷಗಳಲ್ಲಿ ಹುಲುಸಾಗಿ ಬಂದಿತು. ಹೊಲವನ್ನು ಮಾತ್ರ, ಆ ವರ್ಷಗಳನ್ನು ಮಾತ್ರ ಅಳೆದವರಿಗೆ ಎಲ್ಲವೂ ಶುಭವೇ. ನೆಲದೊಳಗೆ ನಡೆಯುತ್ತಿದ್ದುದು ಬೇರೆ. ಎರೆಮಣ್ಣಿನ ಜೇಡಿ ನೀರನ್ನು ಸುಲಭವಾಗಿ ಕೆಳಕ್ಕೆ ಬಿಡದು. ಬಸಿದು ಹೋಗಲು ದಾರಿಯಿಲ್ಲದ ಕಡೆ ಅಂತರ್ಜಲ ಬೇರಿನ ಮಟ್ಟಕ್ಕೆ ಏರುತ್ತದೆ. ಬತ್ತಿಯಲ್ಲಿ ಎಣ್ಣೆ ಏರುವಂತೆ ಅದು ಮೇಲಕ್ಕೆ ಏರಿ, ಬಿಸಿಲಿಗೆ ಆವಿಯಾಗಿ, ತಾನು ಕರಗಿಸಿ ತಂದ ಲವಣವನ್ನು ಮೇಲ್ಮಣ್ಣಿನಲ್ಲಿ ಬಿಟ್ಟುಹೋಗುತ್ತದೆ. ಒಂದೆರಡು ವರ್ಷ ಏನೂ ಕಾಣದು. ಬಳಿಕ ಹೊಲದ ತಗ್ಗಿನಲ್ಲಿ ಬಿಳಿಯ ಹೊದಿಕೆ ಮೂಡುತ್ತದೆ; ಬೀಜ ಮೊಳೆಯದು. ಇದನ್ನೇ ಜನರು ಸವಳು-ಜವಳು ಎನ್ನುವುದು. 1980ರ ಜುಲೈ 21ರಂದು ನರಗುಂದ, ನವಲಗುಂದಗಳಲ್ಲಿ ಸಿಡಿದ ರೈತ ಬಂಡಾಯಕ್ಕೆ ಕರದ ಹೊರೆ ಮುಖ್ಯ ಕಾರಣವಾಗಿದ್ದರೂ, ನೆಲ ಕೆಡುತ್ತಿದ್ದ ಸಂಕಟವೂ ಅದರ ಹಿಂದೆ ಇತ್ತು.

ಇಂತಹ ಹೊಲಕ್ಕೆ ಬರುವ ವಿಜ್ಞಾನಿಯು ಪೈರಿಗಿಂತ ಮೊದಲು ನೆಲದಡಿಯ ನೀರನ್ನು ನೋಡುತ್ತಾನೆ. ತೂತುಗಳುಳ್ಳ ಕೊಳವೆಯೊಂದನ್ನು ಹೂಳಿ, ನೀರು ಎಷ್ಟು ಆಳದಲ್ಲಿದೆಯೆಂದು ತಿಂಗಳು ತಿಂಗಳೂ ಬರೆದಿಡುತ್ತಾನೆ. ಮಣ್ಣಿನ ಲವಣವನ್ನು ಅಡಿ ಅಡಿಗೂ ಪರೀಕ್ಷಿಸುತ್ತಾನೆ. ಕಾಯಿಲೆಗೆ ಪರಿಹಾರವಿಲ್ಲದೆ ಇಲ್ಲ. ನೀರನ್ನು ಮಿತವಾಗಿ ಹಾಯಿಸಬಹುದು. ನೆಲದಡಿಯಲ್ಲಿ ಕೊಳವೆಗಳನ್ನಿಟ್ಟು ಉಪ್ಪುನೀರನ್ನು ಬಸಿದು ಹಳ್ಳಕ್ಕೆ ಬಿಡಬಹುದು. ಹೊಲವೊಂದನ್ನೇ ಅಳೆಯುವವನ ಲೆಕ್ಕ ಇಲ್ಲಿಗೆ ಮುಗಿಯಿತು. ಆದರೆ ಬಸಿದ ಉಪ್ಪು ಹಳ್ಳದಿಂದ ಮಲಪ್ರಭೆಗೂ, ಕೂಡಲಸಂಗಮದಲ್ಲಿ ಕೃಷ್ಣೆಗೂ ಸಾಗುತ್ತದೆ. ದಾರಿಯುದ್ದಕ್ಕೂ ಆ ನೀರನ್ನು ಎತ್ತಿ ಬೆಳೆಗೆ ಹಾಯಿಸುವ ಊರುಗಳಿವೆ. ವಿಜ್ಞಾನಿಯು ತನ್ನ ಕೊಳವೆಯನ್ನು ಅಲ್ಲಿಯೂ ಹೂಳಬೇಕಾಗುತ್ತದೆ.