ಬೆಳಕು ಹಿಡಿಯುವ ಕೆಲಸ, ವಿ.ಕೆ. ಮೂರ್ತಿ ನಡೆದ ದಾರಿ

ಪ್ರಶ್ನೆ: ಗುರುದತ್ ಚಿತ್ರಗಳ ಛಾಯಾಗ್ರಾಹಕ ವಿ.ಕೆ. ಮೂರ್ತಿ ಕನ್ನಡಿಗರೆಂದು ಓದಿದೆ. ಶಾಟ್ ಹೇಗಿರಬೇಕೆಂದು ನಿರ್ದೇಶಕರೇ ಹೇಳುವಾಗ ಛಾಯಾಗ್ರಾಹಕರಿಗೆ ಅಷ್ಟು ಹೆಸರು ಬಂದದ್ದು ಹೇಗೆ? ಈ ವೃತ್ತಿಯಲ್ಲಿ ಮೇಲೆ ಬರುವ ದಾರಿ ಯಾವುದು?
– ಓದುಗರೊಬ್ಬರು, ಮಂಗಳೂರು

ಉತ್ತರ: ಚಿತ್ರ ನೋಡುವವರಿಗೆ ಕ್ಯಾಮೆರಾದ ಹಿಂದಿನ ಕೆಲಸ ಕಾಣುವುದಿಲ್ಲ. ಹಾಗಾಗಿ ಈ ಅನುಮಾನ ಸಹಜವೇ. ಮೂರ್ತಿಯವರ ಬದುಕಿನಿಂದಲೇ ಉತ್ತರ ಹುಡುಕೋಣ.

ಮೊದಲನೆಯದು ಕಲಿಕೆ. 1923ರಲ್ಲಿ ಮೈಸೂರಿನಲ್ಲಿ ಹುಟ್ಟಿದ ಮೂರ್ತಿ, ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣದ ಡಿಪ್ಲೊಮಾ ಪಡೆದರು.

ಎರಡನೆಯದು ಸಹಾಯಕರಾಗಿ ದುಡಿಮೆ. ಮುಂಬೈಯಲ್ಲಿ ಅವರು ಫಲಿ ಮಿಸ್ತ್ರಿಯಂಥ ಹಿರಿಯರ ಕೈಕೆಳಗೆ ಪಳಗಿದರು. 1951ರ ‘ಬಾಜಿ’ ಚಿತ್ರಕ್ಕೆ ವಿ. ರಾತ್ರಾ ಛಾಯಾಗ್ರಾಹಕರು, ಮೂರ್ತಿ ಸಹಾಯಕರು. ಕನ್ನಡಿಯ ಪ್ರತಿಬಿಂಬದಿಂದ ಶುರುವಾಗುವ ಕಷ್ಟದ ಶಾಟೊಂದನ್ನು ಮೂರ್ತಿ ಸೂಚಿಸಿ, ತಾವೇ ತೆಗೆದು ತೋರಿಸಿದರು. ಚಿತ್ರದ ನಿರ್ದೇಶಕ ಗುರುದತ್ ಮೆಚ್ಚಿ ಮುಂದಿನ ಚಿತ್ರ ‘ಜಾಲ್’ (1952) ಅನ್ನು ಅವರಿಗೇ ಒಪ್ಪಿಸಿದರು.

ಮೂರನೆಯದು ನಿರ್ದೇಶಕರೊಂದಿಗಿನ ಹೊಂದಾಣಿಕೆ. ನಿಮ್ಮ ಮುಖ್ಯ ಅನುಮಾನಕ್ಕೆ ಉತ್ತರ ಇಲ್ಲಿದೆ. ದೃಶ್ಯದ ಭಾವ ಏನೆಂದು ನಿರ್ದೇಶಕರು ಹೇಳುತ್ತಾರೆ. ಅದಕ್ಕೆ ಬೆಳಕು ಎಲ್ಲಿಂದ, ಎಷ್ಟು ಬೀಳಬೇಕು, ಯಾವ ಲೆನ್ಸ್ ಬೇಕು ಎಂಬುದನ್ನು ಸಾಧಿಸುವವರು ಛಾಯಾಗ್ರಾಹಕರು. ‘ಕಾಗಜ್ ಕೆ ಫೂಲ್’ (1959) ಚಿತ್ರದ ಹಾಡೊಂದರಲ್ಲಿ ಕತ್ತಲ ಸ್ಟುಡಿಯೊದೊಳಗೆ ಮೇಲಿನಿಂದ ಬೆಳಕಿನ ಕೋಲು ಇಳಿಯುತ್ತದೆ. ಅದಕ್ಕಾಗಿ ಮೂರ್ತಿ ದೊಡ್ಡ ಕನ್ನಡಿಗಳನ್ನು ಬಳಸಿದರು. ಹೊರಗಿನ ಕನ್ನಡಿ ಬಿಸಿಲನ್ನು ಒಳಕ್ಕೆ ಕಳಿಸಿತು, ಮೇಲಿದ್ದ ಇನ್ನೊಂದು ಅದನ್ನು ನೆಲದತ್ತ ತಿರುಗಿಸಿತು.

ಇಲ್ಲೊಂದು ಗೊಂದಲ ತಿಳಿಯಾಗಬೇಕು. ‘ಕಾಗಜ್ ಕೆ ಫೂಲ್’ ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರವೆಂದು ಹೆಸರಾಗಿದೆ. ಸಿನಿಮಾಸ್ಕೋಪ್ ಎಂದರೆ 70 ಎಂ.ಎಂ. ಎಂದು ಹಲವರು ಭಾವಿಸುತ್ತಾರೆ. ಹಾಗಲ್ಲ, ಫಿಲ್ಮು ಮಾಮೂಲಿ 35 ಎಂ.ಎಂ. ಅಗಲದ್ದೇ. ವಿಶೇಷ ಲೆನ್ಸ್ ದೃಶ್ಯವನ್ನು ಅಡ್ಡಡ್ಡ ಕುಗ್ಗಿಸಿ ಫಿಲ್ಮಿನಲ್ಲಿ ಮೂಡಿಸುತ್ತದೆ, ಪ್ರೊಜೆಕ್ಟರಿನ ಲೆನ್ಸ್ ಅದನ್ನು ಮತ್ತೆ ಹಿಗ್ಗಿಸುತ್ತದೆ. ಅಷ್ಟು ಅಗಲದ ಚೌಕಟ್ಟನ್ನು ತುಂಬುವುದು ಛಾಯಾಗ್ರಾಹಕರಿಗೆ ಹೊಸ ಸವಾಲಾಗಿತ್ತು. ಚಿತ್ರ ಸೋತರೂ ಮೂರ್ತಿಯವರಿಗೆ ಫಿಲ್ಮ್‌ಫೇರ್ ಪ್ರಶಸ್ತಿ ಬಂತು. 2008ನೇ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿಯೂ ಸಂದಿತು; ಅದನ್ನು ಪಡೆದ ಮೊದಲ ಛಾಯಾಗ್ರಾಹಕರು ಅವರೇ. ಕನ್ನಡದಲ್ಲಿ ಅವರು ‘ಹೂವು ಹಣ್ಣು’ (1993) ಚಿತ್ರಕ್ಕೆ ಕೆಲಸ ಮಾಡಿದರು.

ಈಗ ನಿಮ್ಮ ಎರಡನೆಯ ಪ್ರಶ್ನೆ. ಮೂರ್ತಿ ಓದಿದಂಥ ಕೋರ್ಸು ಇಂದು ಹೆಸರಘಟ್ಟದ ಸರ್ಕಾರಿ ಸಂಸ್ಥೆಯಲ್ಲಿದೆ. ಸಹಾಯಕರಾಗಲು ಮುಂಬೈಗೇ ಹೋಗಬೇಕೆಂದಿಲ್ಲ. 1971ರ ‘ಎನ್ನ ತಂಗಡಿ’ಯಿಂದ ಶುರುವಾದ ತುಳು ಸಿನಿಮಾದ ಚಿತ್ರೀಕರಣ ಈಗ ನಿಮ್ಮ ಊರಿನಲ್ಲೇ ನಡೆಯುತ್ತದೆ. ಅಂಥ ತಂಡವೊಂದರ ಕ್ಯಾಮೆರಾ ವಿಭಾಗದಲ್ಲಿ ಸಹಾಯಕರಾಗಿ ಸೇರಿ, ಒಂದು ಚಿತ್ರ ಮುಗಿಯುವವರೆಗೂ ಬೆಳಕನ್ನು ಗಮನಿಸಿ. ಕ್ಯಾಮೆರಾ ಎಷ್ಟೇ ಬದಲಾಗಿದ್ದರೂ ಕಲಿಕೆ ಇವತ್ತಿಗೂ ಶುರುವಾಗುವುದು ಹಾಗೆಯೇ.