ಹಯಮಾರಕ: ಒಂದು ಸಸ್ಯನಾಮದ ಅರ್ಥವಿಚಾರ

ವಿಜಯವಾಡ, ವಿಶಾಖಪಟ್ಟಣಗಳಲ್ಲಿ ತೆಲುಗರು ‘ಗನ್ನೇರು’ ಎಂದು ಕರೆಯುವ ಗಿಡವೇ ಕನ್ನಡದ ಕಣಗಿಲೆ, ಸಂಸ್ಕೃತದ ಕರವೀರ. ಇದರ ಹೂವು ಶಿವಪೂಜೆಗೆ ಸಲ್ಲುತ್ತದೆ. ಇದೇ ಗಿಡಕ್ಕೆ ಅಮರಕೋಶವು ‘ಹಯಮಾರಕ’ ಎಂಬ ಪರ್ಯಾಯನಾಮವನ್ನೂ ಹೇಳುತ್ತದೆ. ಕುದುರೆಯನ್ನು ಕೊಲ್ಲುವುದು ಎಂಬುದು ಈ ಪದದ ಅರ್ಥ. ಇದು ಕವಿಕಲ್ಪನೆಯಲ್ಲ, ಅನುಭವದಿಂದ ರೂಪುಗೊಂಡ ಎಚ್ಚರಿಕೆ.

ಸಸ್ಯನಾಮಗಳಲ್ಲಿ ಕುದುರೆಯ ಉಲ್ಲೇಖ ಬಂದಾಗಲೆಲ್ಲ ಅದರ ನಿಮಿತ್ತ ಒಂದೇ ಆಗಿರುವುದಿಲ್ಲ. ‘ಅಶ್ವಗಂಧ’ ಎಂಬ ಹೆಸರಿಗೆ ಬೇರಿನ ವಾಸನೆ ಕಾರಣ. ಕನ್ನಡದ ‘ಕುದುರೆಮಸಾಲೆ’ ಕುದುರೆಗೆ ಹಿತವಾದ ಮೇವು. ‘ಹಯಮಾರಕ’ವಾದರೋ ಪ್ರಾಣಾಪಾಯದ ಸೂಚನೆ. ಪೂರ್ವಪದದ ಅರ್ಥ ಒಂದೇ ಆಗಿದ್ದರೂ ಒಂದು ಪೋಷಿಸುತ್ತದೆ, ಇನ್ನೊಂದು ಕೊಲ್ಲುತ್ತದೆ.

ಸುಶ್ರುತಸಂಹಿತೆಯ ಕಲ್ಪಸ್ಥಾನವು ಎಂಟು ಮೂಲವಿಷಗಳನ್ನು ಎಣಿಸುವಾಗ ಅಶ್ವಮಾರವನ್ನೂ ಗುಂಜೆಯನ್ನೂ, ಎಂದರೆ ಕಣಗಿಲೆಯನ್ನೂ ಗುಲಗಂಜಿಯನ್ನೂ, ಸೇರಿಸುತ್ತದೆ. ಕನ್ನಡದಲ್ಲಿ 14ನೆಯ ಶತಮಾನದ ಮಂಗರಾಜನ ‘ಖಗೇಂದ್ರಮಣಿದರ್ಪಣ’ವು ವಿಷವೈದ್ಯವನ್ನೇ ವಸ್ತುವಾಗಿ ಉಳ್ಳ ಕೃತಿ. ಸುಮಾರು 1400ರ ಅಭಿನವಚಂದ್ರನು ಅಶ್ವಶಾಸ್ತ್ರವನ್ನು ರಚಿಸಿದನು. ವಿಜಯನಗರದ ಸೈನ್ಯಬಲವು ಸಮುದ್ರ ದಾಟಿ ಬರುತ್ತಿದ್ದ ಕುದುರೆಗಳನ್ನು ಅವಲಂಬಿಸಿದ್ದ ಕಾಲದಲ್ಲಿ ಇಂತಹ ಶಾಸ್ತ್ರಗಳಿಗೆ ಇದ್ದ ಬೆಲೆಯನ್ನು ಊಹಿಸಬಹುದು.

ಆಧುನಿಕ ವಿಜ್ಞಾನವು ಹಳೆಯ ಹೆಸರನ್ನು ಸಮರ್ಥಿಸಿದೆ. ಕಣಗಿಲೆಯ ಎಲ್ಲ ಭಾಗಗಳಲ್ಲಿಯೂ ಓಲಿಯಾಂಡ್ರಿನ್ ಮೊದಲಾದ ವಿಷಗಳಿದ್ದು, ಅವು ಹೃದಯದ ಬಡಿತದ ಕ್ರಮವನ್ನೇ ಕೆಡಿಸುತ್ತವೆ. ದೇಹತೂಕದ ಶೇಕಡ 0.005ರಷ್ಟು ಒಣ ಎಲೆಯೂ ಮಾರಕವಾಗಬಲ್ಲುದು. 400 ಕಿಲೋ ತೂಕದ ಕುದುರೆಗೆ ಇದು ಕೇವಲ 20 ಗ್ರಾಂ. ಕುದುರೆಗೆ ವಾಂತಿ ಮಾಡುವ ಶಕ್ತಿಯಿಲ್ಲವಾದ್ದರಿಂದ ನುಂಗಿದ ವಿಷ ಹೊರಬರುವುದಿಲ್ಲ. ಹಸಿ ಎಲೆ ಕಹಿಯಾದುದರಿಂದ ಪ್ರಾಣಿಗಳು ಸಾಮಾನ್ಯವಾಗಿ ದೂರವಿರುತ್ತವೆ. ಆದರೆ ಕತ್ತರಿಸಿ ಎಸೆದ ಕೊಂಬೆಯ ಎಲೆ ಒಣಗಿ ಹುಲ್ಲಿನಲ್ಲಿ ಬೆರೆತಾಗ ಆ ರಕ್ಷಣೆ ತಪ್ಪುತ್ತದೆ; ವಿಷ ಮಾತ್ರ ಉಳಿದಿರುತ್ತದೆ.

ಇಲ್ಲಿ ಗ್ರಂಥಸಂಪಾದಕರು ಗಮನಿಸಬೇಕಾದ ಇನ್ನೊಂದು ಸಂಗತಿಯಿದೆ. ತೆಲುಗಿನ ‘ಪಚ್ಚಗನ್ನೇರು’, ಕನ್ನಡದ ಹಳದಿ ಕಣಗಿಲೆ, ಅದೂ ಹೃದಯಕ್ಕೆ ವಿಷವೇ. ಆದರೆ ಅದರ ಮೂಲ ಅಮೆರಿಕ ಖಂಡ. ಆದ್ದರಿಂದ ಪ್ರಾಚೀನ ಗ್ರಂಥಗಳಲ್ಲಿ ಬರುವ ಕರವೀರವನ್ನು ಆ ಗಿಡವೆಂದು ಅರ್ಥೈಸುವುದು ಕಾಲವಿರುದ್ಧ. ಹೆಸರಿನ ಸಾಮ್ಯವು ಸಸ್ಯದ ಗುರುತಿಗೆ ಪ್ರಮಾಣವಾಗಲಾರದು.

ಕಣಗಿಲೆ, ಗನ್ನೇರು ಎಂಬ ಬಳಕೆಯ ಹೆಸರುಗಳು ಅಪಾಯವನ್ನು ಸೂಚಿಸುವುದಿಲ್ಲ. ಸೂಚಿಸುವ ಹಯಮಾರಕವು ಕೋಶದಲ್ಲಿ ಮಾತ್ರ ಉಳಿದಿದೆ. ವಿಶಾಖಪಟ್ಟಣದ ಕಡಲತೀರದಲ್ಲಿ ಸವಾರಿಗೆಂದು ಕುದುರೆ ಸಾಕಿ ಬದುಕುವವರಿಗೆ ಅಮರಕೋಶದ ಪರಿಚಯವಿರಬೇಕೆಂದು ಅಪೇಕ್ಷಿಸಲಾಗದು. ನಿಘಂಟುಕಾರರು ‘ಕಣಗಿಲೆ’ ಎಂಬ ಉಲ್ಲೇಖಕ್ಕೆ ‘ಒಂದು ಬಗೆಯ ಹೂಗಿಡ’ ಎಂದಷ್ಟೇ ಅರ್ಥ ಬರೆದರೆ, ಪೂರ್ವಿಕರು ಒಂದು ಪದದಲ್ಲಿ ಅಡಗಿಸಿಟ್ಟ ತಿಳಿವಳಿಕೆ ಅಲ್ಲಿಗೇ ಕಡಿದುಹೋಗುತ್ತದೆ. ‘ವಿಷಯುಕ್ತ, ಕುದುರೆಗೆ ಮಾರಕ’ ಎಂಬ ಮೂರು ಪದಗಳನ್ನು ಅದಕ್ಕೆ ಸೇರಿಸುವುದು ಕೋಶಧರ್ಮವೂ ಹೌದು, ಜೀವದಯೆಯೂ ಹೌದು.